ಬಿಸಿಲುಬಾವಿಯ ಸಾಕ್ಷಿ

ವನಮಾಲಾ ಅಂಬಿಗ ಕಟ್ಟಿದ ಯಂತ್ರದಲ್ಲಿ ತಿರುಗುವ ಭಾಗ ಒಂದೂ ಇರಲಿಲ್ಲ. ಮೋಟಾರು, ಪಂಪು, ಬ್ಯಾಟರಿ ಯಾವುದೂ ಇಲ್ಲ. ಅಂಗಳದಲ್ಲಿ ಬಿಸಿಲಿಗೆ ಓರೆಯಾಗಿ ನಿಲ್ಲಿಸುವ, ಬಾಗಿಲಿನಷ್ಟು ಅಗಲದ ಒಂದು ಪೆಟ್ಟಿಗೆ. ಅದರ ಬುಡದಲ್ಲಿ ಉಪ್ಪುನೀರಿನ ತೊಟ್ಟಿ. ಪೆಟ್ಟಿಗೆಯ ಮೇಲೆ ಗಾಜು, ಗಾಜಿನ ಕೆಳಗೆ ಕಾಡಿಗೆಯಂತೆ ಕಪ್ಪಾದ ಬಟ್ಟೆ. ದೀಪದ ಬತ್ತಿ ಎಣ್ಣೆ ಹೀರುವ ಹಾಗೆ ಆ ಬಟ್ಟೆ ತೊಟ್ಟಿಯ ನೀರನ್ನು ತಾನೇ ಮೇಲಕ್ಕೆ ಹೀರಿಕೊಳ್ಳುತ್ತಿತ್ತು. ಬಿಸಿಲಿಗೆ ನೀರು ಆವಿಯಾಗಿ, ಹಿಂದಿನ ತಗಡಿಗೆ ತಾಗಿ ಹನಿಗಟ್ಟುತ್ತಿತ್ತು. ಹನಿಗಟ್ಟುವಾಗ ಆವಿ ಬಿಟ್ಟುಕೊಟ್ಟ ಕಾವು ತಗಡಿನ ಆಚೆ ಇದ್ದ ಇನ್ನೊಂದು ಬಟ್ಟೆಯನ್ನು ಬಿಸಿ ಮಾಡುತ್ತಿತ್ತು, ಅದರ ಕಾವು ಮತ್ತೊಂದನ್ನು. ಹೀಗೆ ಪದರದ ಹಿಂದೆ ಪದರ. ಒಂದೇ ಬಿಸಿಲು ಮತ್ತೆ ಮತ್ತೆ ದುಡಿಯುತ್ತಿತ್ತು.

ಇಂಥ ಪೆಟ್ಟಿಗೆಗಳನ್ನು ಅವಳಿಗಿಂತ ಮೊದಲೂ ಹಲವರು ಮಾಡಿದ್ದರು. ಎಲ್ಲವೂ ಕೆಲವೇ ವಾರಗಳಲ್ಲಿ ಉಪ್ಪು ಕಟ್ಟಿ ಕೆಡುತ್ತಿದ್ದವು. ವನಮಾಲಾ ನೇಯಿಸಿದ ಬಟ್ಟೆಯಲ್ಲಿ ಎರಡು ಬಗೆಯ ಎಳೆಗಳಿದ್ದವು. ಒಂದು ನೀರನ್ನು ಮೇಲಕ್ಕೆ ತರುತ್ತಿತ್ತು. ಇನ್ನೊಂದು, ಆವಿಯಾಗದೆ ಉಳಿದ ಗಾಢ ಉಪ್ಪುನೀರನ್ನು ಹರಳಾಗುವ ಮೊದಲೇ ಕೆಳಗಿಳಿಸಿ ಕಾಲುವೆಗೆ ಬಿಡುತ್ತಿತ್ತು. ಆ ಎರಡನೆಯ ಎಳೆಯ ಹಿಂದೆ ಅವಳ ಪ್ರಾಯವೆಲ್ಲ ಕಳೆದಿತ್ತು.

ಮೊದಲ ಪೆಟ್ಟಿಗೆಯನ್ನು ಅವಳು ನಿಲ್ಲಿಸಿದ್ದು ತನ್ನ ತಾಯಿಯ ಅಂಗಳದಲ್ಲಿ. ಕಂಚಿಹೊಳೆ ಸಮುದ್ರ ಸೇರುವ ಅಳಿವೆಯಲ್ಲಿ, ಹೊಳೆಯ ನಡುವೆ ಎದ್ದುನಿಂತ ಸಣ್ಣ ನಡುಗಡ್ಡೆ ಮಾಣಿಕುರ್ವೆ. ಸಮುದ್ರ ಏರುತ್ತ ಬಂದಂತೆ ಕುರ್ವೆಯ ಬಾವಿಗಳೆಲ್ಲ ಉಪ್ಪಾಗಿದ್ದವು. ಕುಡಿಯುವ ನೀರು ಹೊಳೆಯ ಮೇಲ್ಭಾಗದಿಂದ, ಉಪ್ಪು ಮುಟ್ಟದ ಜಾಗದಿಂದ, ದೋಣಿಯಲ್ಲಿ ಬರುತ್ತಿತ್ತು. ದೋಣಿ ಬಾರದ ದಿನ ಜನ ಅನ್ನವನ್ನೂ ಉಪ್ಪುನೀರಿನಲ್ಲೇ ಬೇಯಿಸುತ್ತಿದ್ದರು.

ತಾಯಿ ಬೀರಮ್ಮ ಮೊದಲ ಲೋಟ ಕುಡಿದು ತುಟಿ ಒರೆಸಿಕೊಂಡಳು.

"ಚಪ್ಪೆ ಅದೆ," ಎಂದಳು. "ಹೊಳೆ ನೀರಿನ ರುಚಿ ಇಲ್ಲ ಇದಕ್ಕೆ."

"ಕುಡಿಯೂಕೆ ಆಗ್ತದಾ ಇಲ್ವಾ, ಅವ್ವಿ?"

"ಆಗ್ತದೆ ಮಗಾ. ಯಾಕೆ ಆಗೂದಿಲ್ಲ." ಬೀರಮ್ಮ ಇನ್ನೊಂದು ಲೋಟ ಬಗ್ಗಿಸಿಕೊಂಡಳು. ಆಮೇಲೆ ನೆರೆಮನೆಯವರನ್ನೆಲ್ಲ ಕೂಗಿ ಕರೆದಳು.

ಎರಡು ಬೇಸಿಗೆ ಕಳೆಯುವುದರೊಳಗೆ ಕುರ್ವೆಯ ಎಲ್ಲ ಅಂಗಳಗಳಲ್ಲೂ ಪೆಟ್ಟಿಗೆಗಳು ನಿಂತವು. ಜನ ಅದಕ್ಕೆ ಬಿಸಿಲುಬಾವಿ ಎಂದು ಹೆಸರಿಟ್ಟರು. ನೀರಿನ ದೋಣಿ ಬರುವುದು ನಿಂತಿತು. ಹೆಂಗಸರು ದೋಣಿ ಕಾಯುವುದನ್ನು ಬಿಟ್ಟು ಸಮುದ್ರದ ಇಳಿತದ ಹೊತ್ತಿಗೆ ಸರಿಯಾಗಿ ಕೆಸರು ಬಯಲಿಗೆ ಇಳಿಯತೊಡಗಿದರು. ಬೀರಮ್ಮನಂಥವರು ಅಲ್ಲಿ ಕೆಸರು ಕೆದಕಿ ಬಳಚು ಆರಿಸುತ್ತಿದ್ದರು. ಚಿಪ್ಪಿನೊಳಗಿನ ಆ ಮಾಂಸವೇ ಕುರ್ವೆಯ ಊಟ, ಕುರ್ವೆಯ ವ್ಯಾಪಾರ. ಸಿಹಿನೀರೂ ಉಪ್ಪುನೀರೂ ಕಲೆಯುವ ಜಾಗದಲ್ಲಿ ಮಾತ್ರ ಬೆಳೆಯುವ ಬದುಕು ಅದು.

ವನಮಾಲಾ ಕೆಲಸ ಮಾಡುತ್ತಿದ್ದ ಕರಾವಳಿ ಜಲ ಸಂಶೋಧನಾ ಕೇಂದ್ರದ ನಿಯಂತ್ರಣ ಕೊಠಡಿಯಲ್ಲಿ ಗೋಡೆಯಗಲದ ಪರದೆಯಿತ್ತು. ಪ್ರತಿ ಬಿಸಿಲುಬಾವಿಯ ಮೂತಿಯಲ್ಲೂ ಕೇಂದ್ರದವರು ಆಮೇಲೆ ಕೂರಿಸಿದ, ಬಿಸಿಲಿನಿಂದಲೇ ನಡೆಯುವ, ಹನಿ ಎಣಿಸುವ ಪುಟ್ಟ ಕಣ್ಣು. ಅದು ಕಂಡದ್ದೆಲ್ಲ ಪರದೆಯ ಮೇಲೆ ಹಸಿರು ಚುಕ್ಕೆಯಾಗಿ ಬೆಳಗುತ್ತಿತ್ತು. ಬೆಳಗಿನ ಬಿಸಿಲು ಏರಿದಂತೆ ಮಾಣಿಕುರ್ವೆ ಪರದೆಯ ಮೇಲೆ ಹಸಿರಾಗುವುದನ್ನು ನೋಡುವುದು ವನಮಾಲಾಳಿಗೆ ನಿತ್ಯದ ಸಂತೋಷ. ಕೆಳಗೆ ಇನ್ನೊಂದು ಹಸಿರು ಗುಂಪು. ಅದು ದಕ್ಷಿಣದ ಕೋಡಿತಲೆ, ಬೇರೊಂದು ಹೊಳೆಗೂ ಸಮುದ್ರಕ್ಕೂ ನಡುವೆ ಚಾಚಿದ ಮರಳ ದಿಬ್ಬದ ಮೇಲಿನ ಊರು. ಅಲ್ಲಿನ ದಾದಿ ಜೆಸಿಂತಾ ಹಿಂದೊಮ್ಮೆ ವನಮಾಲಾಳನ್ನು ಮನೆಮನೆಗೂ ಕರೆದೊಯ್ದು ಬಸುರಿಯರ ಬಾತ ಕಾಲುಗಳನ್ನು ತೋರಿಸಿದ್ದಳು. "ಉಪ್ಪು ನೀರು ಕುಡಿದು ಬಿಪಿ ಏರುದು ಮೇಡಂ. ಮಾತ್ರೆ ಕೊಡ್ತೇನೆ. ಮಾತ್ರೆ ನುಂಗ್ಲಿಕ್ಕೂ ಅದೇ ನೀರು." ಈಗ ಅಲ್ಲೂ ಪ್ರಯೋಗಕ್ಕೆಂದು ಕೆಲವು ಬಾವಿಗಳು ನಿಂತಿದ್ದವು.

ಕೇಂದ್ರದ ನಿರ್ದೇಶಕ ಪ್ರಹ್ಲಾದ ಇನಾಂದಾರ್ ಧಾರವಾಡದ ಕಡೆಯವರು, ಒಳ್ಳೆಯ ಮನುಷ್ಯ. ಯಾರು ಬಂದರೂ ಪರದೆಯ ಮುಂದೆ ನಿಲ್ಲಿಸಿ ವನಮಾಲಾಳನ್ನು ಹೊಗಳದೆ ಕಳಿಸುತ್ತಿರಲಿಲ್ಲ. ಒಂದು ದಿನ ಅವರು ಅವಳನ್ನು ಕೂರಿಸಿಕೊಂಡು ವಿಷಯ ಹೇಳಿದರು. ಜಲ ಹಂಚಿಕೆ ಮಂಡಳಿಯ ಮುಂದೆ ಅವಳು ಸಾಕ್ಷಿ ನುಡಿಯಬೇಕಿತ್ತು.

ಕಂಚಿಹೊಳೆಯನ್ನು ಘಟ್ಟದ ಮೇಲೆಯೇ ತಡೆದು, ಸುರಂಗದಲ್ಲಿ ಪೂರ್ವದ ನಗರಗಳಿಗೆ ಒಯ್ಯುವ ಯೋಜನೆ ಬಹಳ ಕಾಲದಿಂದ ನಿಂತುಹೋಗಿತ್ತು. ಅದನ್ನು ತಡೆದದ್ದು ಹಳೆಯ ಒಂದೇ ನಿಯಮ: ಹೊಳೆಯ ಕೆಳಗಿನವರ ಕುಡಿಯುವ ನೀರಿಗೆ ಧಕ್ಕೆಯಾಗಬಾರದು. ಕುರ್ವೆಯ ಜನ ಹೊಳೆ ನೀರು ಕುಡಿಯುವಷ್ಟು ಕಾಲ ಹೊಳೆ ಹರಿಯಲೇಬೇಕಿತ್ತು. ಈಗ ಅವರು ಅದನ್ನು ಕುಡಿಯುತ್ತಿರಲಿಲ್ಲ.

ವನಮಾಲಾಳಿಗೆ ಇದು ಅರ್ಥವಾಗಲು ತಡವಾಗಲಿಲ್ಲ. "ಅಂದ್ರೆ ನನ್ನ ಬಾಯಿಂದಲೇ ಹೊಳೆ ಕಿತ್ಕೊಳ್ಳಬೇಕು ಅಂತಲಾ ಸರ್?"

"ಹಂಗ ಯಾಕ ತಿಳ್ಕೋತೀರಿ? ಯಂತ್ರ ನಡೀತೈತೋ ಇಲ್ಲೋ ಅಂತ ಕೇಳ್ತಾರ. ನಡೀತೈತಿ ಅನ್ರಿ. ಮುಂದಿಂದು ಅವರ ಕೆಲಸ." ಇನಾಂದಾರ್ ಕನ್ನಡಕ ತೆಗೆದು ಒರೆಸಿದರು. "ಇನ್ನೊಂದು ಮಾತು. ಇಡೀ ಕರಾವಳಿಗೆ ಬಿಸಿಲುಬಾವಿ ಕೊಡೂ ಮಂಜೂರಾತಿ ಇದರ ಮ್ಯಾಲೇ ನಿಂತೈತಿ. ನೀವು ಇಲ್ಲ ಅಂದ್ರ, ಕೋಡಿತಲೆದೂ ತಗೊಂಡು ಹೋಗ್ತಾರ."

ಆ ವಾರ ಅವಳು ಕುರ್ವೆಗೆ ಹೋದಳು. ಸುದ್ದಿ ಅವಳಿಗಿಂತ ಮೊದಲೇ ದೋಣಿ ದಾಟಿತ್ತು. ಬೀರಮ್ಮ ಹಿತ್ತಲಲ್ಲಿ ಕೂತು, ಬೆಂದ ಬಳಚನ್ನು ಚಿಪ್ಪಿನಿಂದ ಬಿಡಿಸುತ್ತಿದ್ದಳು. ಮಗಳ ಮುಖ ನೋಡದೆಯೇ ಮಾತು ತೆಗೆದಳು.

"ಸಾಕಾಗೂದಿಲ್ಲ ಅಂದ್ಬಿಡು."

"ಎಂತದು?"

"ಬಾವಿ ನೀರು. ಕುರ್ವೆಗೆ ಸಾಕಾಗೂದಿಲ್ಲ ಅಂತ ಒಂದು ಮಾತು ಅಂದ್ಬಿಡು. ಹೊಳೆ ಉಳಿತದೆ."

"ಅದು ಸುಳ್ಳಾಗ್ತದೆ ಅವ್ವಿ."

"ಆಗ್ಲಿ. ನಿಂಗೆ ಸುಳ್ಳು ಹೇಳೂಕೆ ಬರೂದಿಲ್ವಾ? ಸಣ್ಣಕಿದ್ದಾಗ ಎಷ್ಟು ಹೇಳಿದ್ದೆ."

ವನಮಾಲಾ ಪಕ್ಕದಲ್ಲಿ ಕೂತು ತಾನೂ ಒಂದು ಹಿಡಿ ಬಳಚು ತೆಗೆದುಕೊಂಡಳು. ಕೋಡಿತಲೆಯ ವಿಷಯ ಹೇಳಿದಳು. ಬಾತ ಕಾಲು, ಬಿಪಿ, ತಿಂಗಳು ತುಂಬುವ ಮೊದಲೇ ಹುಟ್ಟುವ ಮಕ್ಕಳು. ಬೀರಮ್ಮ ಕೇಳಿಸಿಕೊಂಡಳು.

"ಪಾಪವೇ," ಎಂದಳು. "ಆದ್ರೆ ಅವರು ಯಾರು ನಂಗೆ? ಅವರ ಮಗಳಾ ನೀನು?"

"ನಾನು ಬಳಚಿನ ವಿಷಯವನ್ನೂ ಹೇಳ್ತೆ ಅಲ್ಲಿ. ಹೊಳೆ ಬರದಿದ್ರೆ ಬಳಚು ಬದುಕೂದಿಲ್ಲ ಅಂತ ಬಿಡಿಸಿ ಹೇಳ್ತೆ. ಎಲ್ಲಾ ಲೆಕ್ಕ ತೋರಿಸ್ತೆ."

"ಕೇಳ್ತ್ರಾ ಅವರು?"

"ಕೇಳ್ದೇ ಎಂತ ಅವ್ವಿ. ನಿಜ ಅಲ್ದಾ ಅದು."

ಬೀರಮ್ಮ ಖಾಲಿ ಚಿಪ್ಪುಗಳನ್ನು ಒಂದು ಕಡೆಗೆ ಸರಿಸಿದಳು. ಆ ಸಂಜೆ ಅವಳು ಮತ್ತೆ ಆ ಮಾತು ಎತ್ತಲಿಲ್ಲ. ಮಗಳಿಗೆ ಬಳಚಿನ ಸುಕ್ಕಾ ಮಾಡಿ ಬಡಿಸಿದಳು.

ಮಂಡಳಿಯ ಸಭಾಂಗಣ ತಣ್ಣಗಿತ್ತು. ಸುರಂಗದ ಪರ ವಕೀಲರು ಪರದೆಯ ಮೇಲಿನ ಹಸಿರು ಚುಕ್ಕೆಗಳನ್ನೇ ದೊಡ್ಡದು ಮಾಡಿ ತೋರಿಸಿದರು. ಆಮೇಲೆ ಬಹಳ ಸೌಜನ್ಯದಿಂದ ಕೇಳಿದರು.

"ಮಾಣಿಕುರ್ವೆಯ ಜನರ ಕುಡಿಯುವ ನೀರಿನ ಅಗತ್ಯವನ್ನು ನಿಮ್ಮ ಯಂತ್ರ ಪೂರೈಸುತ್ತಿದೆಯೇ?"

"ಹೌದು. ಆದರೆ ಹೊಳೆಯ ನೀರು..."

"ನಿಮ್ಮ ತಾಯಿಯವರು ಅಲ್ಲಿಯೇ ಇದ್ದಾರಂತೆ. ಅವರು ಕುಡಿಯುವುದು ಯಾವ ನೀರು?"

"ಬಿಸಿಲುಬಾವಿಯದು." ಅವಳು ಉಸಿರು ತೆಗೆದುಕೊಂಡಳು. "ಅವರು ಬದುಕುವುದು ಮಾತ್ರ ಹೊಳೆಯಿಂದ. ಸಿಹಿನೀರು ಬರದಿದ್ದರೆ ಬೇಸಿಗೆಯಲ್ಲಿ ಅಳಿವೆಯ ನೀರು ಸಮುದ್ರಕ್ಕಿಂತಲೂ ಉಪ್ಪಾಗುತ್ತದೆ. ಬಳಚು ಸಾಯುತ್ತದೆ. ನಾನು ಲೆಕ್ಕ ತಂದಿದ್ದೇನೆ."

ಅಧ್ಯಕ್ಷರು ಮುಂದಕ್ಕೆ ಬಾಗಿದರು. ವಯಸ್ಸಾದವರು, ಮೃದು ದನಿ. "ನಿಮ್ಮ ಪರಿಣತಿ ಶಾಖದ ವಿಜ್ಞಾನದಲ್ಲಿ ಅಲ್ಲವೇನಮ್ಮಾ? ಚಿಪ್ಪುಮೀನಿನ ಬಗ್ಗೆ ಸಂಬಂಧಪಟ್ಟ ಪರಿಣತರು ವರದಿ ಕೊಟ್ಟಿದ್ದಾರೆ. ಹೇಳಿಕೊಳ್ಳುವಂಥ ಪರಿಣಾಮವಿಲ್ಲ ಎಂದಿದ್ದಾರೆ. ನಿಮ್ಮ ಯಂತ್ರಕ್ಕೆ ಮಾತ್ರ ನಾಡೇ ಋಣಿಯಾಗಿದೆ." ಸಭಾಂಗಣದಲ್ಲಿ ಕೆಲವರು ಚಪ್ಪಾಳೆ ತಟ್ಟಿದರು. ಅವಳು ತಂದ ಲೆಕ್ಕ ಅವಳ ಕೈಯಲ್ಲೇ ಉಳಿಯಿತು.

ಸುರಂಗ ಕೊರೆದು ಮುಗಿದ ವರ್ಷ ಮಳೆಗಾಲವೇನೋ ಎಂದಿನಂತೆ ಬಂತು. ತುಂಬಿದ ಅಣೆಕಟ್ಟಿನಿಂದ ಹೆಚ್ಚಿನ ನೀರು ಕೆಳಗೆ ಉರುಳಿತು. ಅದನ್ನು ನೋಡಿ ಕುರ್ವೆಯವರು ಸಮಾಧಾನಪಟ್ಟುಕೊಂಡರು. ಮಳೆ ನಿಂತಮೇಲೆ ಹೊಳೆ ಬರಲಿಲ್ಲ. ಬೇಸಿಗೆ ಬಲಿತಂತೆ ಅಳಿವೆಯಲ್ಲಿ ಸಮುದ್ರದ ನೀರು ಒಳಗೆ ಬಂದು, ಕಾದು, ಗಾಢವಾಗಿ ಕೂತಿತು. ಅದರ ಜೊತೆಗೆ ಕುರ್ವೆಯ ನೂರಾರು ಬಿಸಿಲುಬಾವಿಗಳಿಂದ ಜಾರಿದ ಉಪ್ಪುನೀರು. ಅದು ಉಳಿದ ನೀರಿಗಿಂತ ಭಾರ. ಆದ್ದರಿಂದ ತೇಲದೆ, ಕಲೆಯದೆ, ನೇರ ತಳಕ್ಕಿಳಿದು ಕೆಸರಿನ ಮೇಲೆ ಕಂಬಳಿಯ ಹಾಗೆ ಹಾಸಿಕೊಂಡಿತು. ಹಿಂದೆ ಈ ಉಪ್ಪನ್ನು ಹೊಳೆ ಸದ್ದಿಲ್ಲದೆ ತೊಳೆದುಕೊಂಡು ಹೋಗುತ್ತಿತ್ತು. ಬಳಚು ಇದ್ದದ್ದು ಆ ಕಂಬಳಿಯ ಕೆಳಗೆ.

ಒಂದು ಬೆಳಿಗ್ಗೆ ಇಳಿತಕ್ಕೆ ಕೆಸರು ಬಯಲಿಗಿಳಿದ ಹೆಂಗಸರಿಗೆ ಕೆದಕಬೇಕಾದ ಕೆಲಸವೇ ಇರಲಿಲ್ಲ. ಬಳಚುಗಳೆಲ್ಲ ತಾವಾಗಿಯೇ ಮೇಲೆ ಬಂದು ಬಾಯಿ ತೆರೆದು ಬಿದ್ದಿದ್ದವು. ನಾತ ದಡದಾಚೆಗೂ ಹಬ್ಬಿತು. ವನಮಾಲಾ ಬಂದಾಗ ಬೀರಮ್ಮ ಮೊಣಕಾಲುದ್ದ ಕೆಸರಿನಲ್ಲಿ ನಿಂತು ಒಂದೊಂದನ್ನೇ ಎತ್ತಿ ಮುಚ್ಚಿ ನೋಡುತ್ತಿದ್ದಳು. ಬದುಕಿರುವ ಬಳಚು ಮುಟ್ಟಿದರೆ ಬಾಯಿ ಮುಚ್ಚಿಕೊಳ್ಳುತ್ತದೆ. ಇವು ಬೆರಳಿನಿಂದ ಒತ್ತಿದರೆ ಮುಚ್ಚುತ್ತಿದ್ದವು, ಬಿಟ್ಟರೆ ತೆರೆದುಕೊಳ್ಳುತ್ತಿದ್ದವು. ಮಗಳು ದಡದಲ್ಲಿ ನಿಂತದ್ದನ್ನು ಅವಳು ಕಂಡಳು. ಮತ್ತೆ ಬಗ್ಗಿ ಇನ್ನೊಂದು ಬಳಚನ್ನು ಎತ್ತಿಕೊಂಡಳು.

ಅದೇ ಬೇಸಿಗೆಯಲ್ಲಿ ಪರದೆಯ ಮೇಲೆ ಮಾಣಿಕುರ್ವೆಯ ಹಸಿರು ಮಸಕಾಯಿತು. ಅಷ್ಟು ಗಾಢ ಉಪ್ಪುನೀರನ್ನು ಕೆಳಗಿಳಿಸುವ ಶಕ್ತಿ ವನಮಾಲಾಳ ಎರಡನೆಯ ಎಳೆಗಿರಲಿಲ್ಲ. ಬಟ್ಟೆಯ ಮೇಲೆ ಉಪ್ಪು ಹೆಪ್ಪಾಗುತ್ತಿತ್ತು, ನೀರು ಕಡಿಮೆಯಾಗುತ್ತಿತ್ತು. ಅವಳು ಹಗಲೆಲ್ಲ ಪ್ರಯೋಗಶಾಲೆಯಲ್ಲಿ ಕೂತು ಎಳೆಗಳನ್ನು ಬದಲಿಸಿ ನೋಡಿದಳು. ಯಾವುದೂ ತಡೆಯಲಿಲ್ಲ. ಒಂದು ಹಂತದಲ್ಲಿ ಅವಳಿಗೆ ಇದರಿಂದಲೇ ಆಸೆ ಹುಟ್ಟಿತು. ಯಂತ್ರ ಸೋಲುತ್ತಿದೆ ಎಂದರೆ ಆ ಹಳೆಯ ನಿಯಮಕ್ಕೆ ಮತ್ತೆ ಜೀವ ಬಂತಲ್ಲ. ಅವಳು ಮಂಡಳಿಗೆ ಅರ್ಜಿ ಹಾಕಿದಳು: ಬಿಸಿಲುಬಾವಿಯಿಂದ ಕುರ್ವೆಯ ಅಗತ್ಯ ಪೂರೈಸುತ್ತಿಲ್ಲ, ಹೊಳೆ ಬಿಡಬೇಕು.

ಮಂಡಳಿ ಈ ಸಲ ಬೇಗ ಸ್ಪಂದಿಸಿತು. ಇನಾಂದಾರ್ ಆದೇಶ ಓದಿ ಹೇಳುವಾಗ ಅವಳ ಕಣ್ಣು ತಪ್ಪಿಸಿದರು.

"ನೀರು ಕಡಿಮಿ ಬಿದ್ದಿದ್ದು ಖರೆ ಅಂತ ಒಪ್ಪ್ಯಾರ. ಅದಕ್ಕ ಇನ್ನಷ್ಟು ಬಿಸಿಲುಬಾವಿ ಮಂಜೂರು ಮಾಡ್ಯಾರ. ಜಾಗಾನೂ ಅವರೇ ನೋಡ್ಯಾರ. ಕೆಸರು ಬಯಲು. ಬಳಚು ಇಲ್ಲದ ಮ್ಯಾಲೆ ಅದು ಖಾಲಿ ಜಾಗಾ ಅಂತ."

"ಬಾವಿ ಹೆಚ್ಚಾದಷ್ಟೂ ತಳದ ಉಪ್ಪು ಹೆಚ್ಚಾಗ್ತದೆ ಸರ್. ಉಪ್ಪು ಹೆಚ್ಚಾದಷ್ಟೂ ಬಾವಿ ಸಾಯ್ತದೆ."

"ನನಗ ತಿಳೀತೈತ್ರಿ."

"ಮತ್ತೆ?"

"ಮತ್ತೇನಿಲ್ಲ," ಎಂದರು ಇನಾಂದಾರ್.

ಕೆಸರು ಬಯಲಿನ ಮೇಲೆ ಕಂಬ ನೆಟ್ಟು, ಸಾಲು ಸಾಲು ಬಿಸಿಲುಬಾವಿ ನಿಲ್ಲಿಸಿದರು. ಹೆಪ್ಪುಗಟ್ಟಿದ ಉಪ್ಪನ್ನು ದಿನಾ ಕೆರೆದು ತೆಗೆಯಲು ಕೈಯಾಳುಗಳು ಬೇಕಾದರು. ಕುರ್ವೆಯ ಹೆಂಗಸರಿಗೆ ಬೇರೆ ಕೆಲಸವಿರಲಿಲ್ಲ. ಬಳಚು ಆರಿಸುತ್ತಿದ್ದ ಅದೇ ಬಯಲಿಗೆ, ಅದೇ ಹೊತ್ತಿಗೆ, ಅವರು ಈಗ ರಬ್ಬರಿನ ಕೈಗವಸು ಹಾಕಿಕೊಂಡು ಹೋಗತೊಡಗಿದರು. ಬೀರಮ್ಮ ಎಲ್ಲರಿಗಿಂತ ಮೊದಲೇ ಹೆಸರು ಕೊಟ್ಟಳು. ಪೇಟೆಗೆ ಬಂದು ತನ್ನ ಜೊತೆ ಇರು ಎಂದು ಮಗಳು ಎಷ್ಟು ಕರೆದರೂ ಒಪ್ಪಲಿಲ್ಲ. "ನಂಗೆ ಕೈಕಾಲು ಅದೆ" ಎಂದಷ್ಟೇ ಹೇಳಿದಳು.

ಆಮೇಲೆ ಕೋಡಿತಲೆಯ ಸರದಿ ಬಂತು. ಅಲ್ಲಿನ ಹೊಳೆಯ ಮೇಲೂ ಒಂದು ಸುರಂಗದ ಯೋಜನೆಯಿತ್ತು, ಅಲ್ಲಿನ ಚುಕ್ಕೆಗಳೂ ಪರದೆಯ ಮೇಲೆ ಹಸಿರಾಗಿದ್ದವು. ಹೊಳೆ ಇನ್ನೂ ಹರಿಯುತ್ತಿದ್ದುದರಿಂದ ಆ ಬಾವಿಗಳಲ್ಲಿ ಉಪ್ಪಿನ ಒಂದು ಹರಳೂ ಕಟ್ಟಿರಲಿಲ್ಲ. ಬಸುರಿಯರ ಕಾಲಿನ ಬಾವು ಇಳಿದಿದೆ ಎಂದು ಜೆಸಿಂತಾ ಹಿಂದಿನ ತಿಂಗಳಷ್ಟೇ ಖುಷಿಯಿಂದ ತಿಳಿಸಿದ್ದಳು. ಸಾಕ್ಷಿಗೆ ಮತ್ತೆ ವನಮಾಲಾಳನ್ನೇ ಕರೆದರು.

ಹೋಗುವ ಮೊದಲು ಅವಳು ಮಾಣಿಕುರ್ವೆಯ ಒಂದು ಕೆಟ್ಟ ಪೆಟ್ಟಿಗೆಯಿಂದ ಬಟ್ಟೆ ಬಿಚ್ಚಿಸಿ ತಂದಳು. ಉಪ್ಪು ಕಟ್ಟಿ ಅದು ಹಪ್ಪಳದಂತೆ ಸೆಟೆದು ನಿಂತಿತ್ತು. ಸಭಾಂಗಣದಲ್ಲಿ ಅದನ್ನು ಮೇಜಿನ ಮೇಲಿಟ್ಟಳು. ಯಾರೂ ಮುಟ್ಟುವ ಮೊದಲೇ ಅದರ ಒಂದು ಮೂಲೆ ಮುರಿದು ಬಿತ್ತು.

"ಮೇಲಿನಿಂದ ಹಸಿರು ಕಂಡರೂ ಒಳಗೆ ಹೀಗಾಗುತ್ತಿದೆ," ಎಂದಳು. "ಯಾವ ದಿನ ನಿಂತುಹೋಗುತ್ತದೋ ಹೇಳಲಾಗದು. ಒಡೆದರೆ ಉಪ್ಪು ಕುಡಿಯುವ ನೀರಿಗೇ ಸೇರುತ್ತದೆ. ಇದನ್ನು ನಂಬಿ ಹೊಳೆ ತಿರುಗಿಸಿದರೆ ಹೊಣೆ ಮಂಡಳಿಯದ್ದಾಗುತ್ತದೆ."

ಅಧ್ಯಕ್ಷರು ಬಟ್ಟೆಯನ್ನು ಬಹಳ ಹೊತ್ತು ನೋಡಿದರು. "ಇದು ಕೋಡಿತಲೆಯದೇ?"

"ಹೌದು," ಎಂದಳು ವನಮಾಲಾ.

ಇನಾಂದಾರ್ ಅವಳ ಹಿಂದಿನ ಕುರ್ಚಿಯಲ್ಲೇ ಕೂತಿದ್ದರು. ಆ ಬಟ್ಟೆ ಎಲ್ಲಿಯದೆಂದು ಅವರಿಗೆ ಗೊತ್ತಿತ್ತು. ಅವರು ಬಾಯಿ ಬಿಡಲಿಲ್ಲ.

ಹೊಣೆ ಎಂಬ ಮಾತು ಕೆಲಸ ಮಾಡಿತು. ಸುರಂಗವನ್ನು ಕೈಬಿಟ್ಟರು. ಸುರಕ್ಷಿತವಲ್ಲದ ಯಂತ್ರವೆಂದು ಕೋಡಿತಲೆಯ ಬಿಸಿಲುಬಾವಿಗಳನ್ನೆಲ್ಲ ಕಿತ್ತು ಲಾರಿಗೆ ತುಂಬಿದರು. ಕರಾವಳಿಯ ಉಳಿದ ಊರುಗಳಿಗೆ ಕೊಡಬೇಕಾಗಿದ್ದ ಬಾವಿಗಳೂ ನಿಂತವು. ಹಾಗಾದರೆ ಮಾಣಿಕುರ್ವೆಗೆ ಹೊಳೆ ಮರಳಿಸಿ ಎಂದು ವನಮಾಲಾ ಕೇಳಿದಳು. ಆ ಪ್ರಕರಣ ಮುಗಿದದ್ದು, ಸುರಂಗದ ನೀರು ಆಗಲೇ ನಗರಗಳ ನಲ್ಲಿಗಳಲ್ಲಿದೆ, ಅಲ್ಲಿನ ಬಾವಿಗಳು ಸಾಯುವವರೆಗೂ ನಡೆಯಲಿ ಎಂಬ ಉತ್ತರ ಬಂತು.

ಕೆಲವು ವಾರ ಕಳೆದ ಮೇಲೆ ಜೆಸಿಂತಾ ಫೋನ್ ಮಾಡಿದಳು.

"ಹೊಳೆ ಉಳಿಯಿತು ಅಂತ ಇಲ್ಲಿ ಗಂಡಸರೆಲ್ಲ ನಿಮ್ಮ ಹೆಸರು ಹೇಳ್ತಾ ಇದ್ದಾರೆ ಮೇಡಂ. ಮೀನಿಗೆ ಹೋಗ್ಲಿಕ್ಕೆ ಆಯ್ತಲ್ಲ. ಆದ್ರೆ ಪೆಟ್ಟಿಗೆ ಚೆನ್ನಾಗಿ ನಡೀತಾ ಇತ್ತಲ್ಲ. ನಾನೇ ದಿನಾ ತೆರೆದು ನೋಡ್ತಿದ್ದೆ. ಬಟ್ಟೆಯಲ್ಲಿ ಎಂತದೂ ಇರ್ಲಿಲ್ಲ. ನೀವು ಯಾಕೆ ಹಾಗೆ ಹೇಳಿದ್ದು?"

ವನಮಾಲಾ ಪರದೆಯ ಮೇಲೆ ಕೋಡಿತಲೆ ಇದ್ದ ಖಾಲಿ ಜಾಗವನ್ನು ನೋಡಿದಳು.

"ಮತ್ತೆ ಆ ಹಳೇ ಉಪ್ಪು ಬಾವಿ ನೀರೇ ಕುಡಿಯುದು ಈಗ. ನಿನ್ನೆ ಒಬ್ಬಳನ್ನು ಆಸ್ಪತ್ರೆಗೆ ಕಳಿಸಿದೆ, ಎಂಟು ತಿಂಗಳು ಆಗಿತ್ತು. ತಾಯಿ ಉಳಿದಿದ್ದಾಳೆ. ಮಗು ಇಲ್ಲ. ಉಪ್ಪಿನಿಂದಲೇ ಅಂತ ನಾನು ಹೇಳುದಿಲ್ಲ ಮೇಡಂ. ಹೇಳ್ಲಿಕ್ಕೆ ಆಗುದಿಲ್ಲ. ಸುಮ್ನೆ ನಿಮ್ಗೆ ಗೊತ್ತಿರ್ಲಿ ಅಂತ."

ಫೋನ್ ಇಟ್ಟು ವನಮಾಲಾ ನಿಯಂತ್ರಣ ಕೊಠಡಿಯಿಂದ ಹೊರಬಿದ್ದಳು. ಬಸ್ಸು ಹಿಡಿದು, ದೋಣಿ ದಾಟಿ ಕುರ್ವೆ ಮುಟ್ಟುವಾಗ ಬಿಸಿಲು ನೆತ್ತಿಯಿಂದ ಇಳಿದಿತ್ತು. ಬೀರಮ್ಮ ಬಯಲಿನ ಕೊನೆಯ ಸಾಲಿನಲ್ಲಿದ್ದಳು. ಪೆಟ್ಟಿಗೆಯ ಗಾಜು ಸರಿಸಿ ತಗಡಿನ ಚೂರಿನಿಂದ ಉಪ್ಪು ಕೆರೆಯುತ್ತಿದ್ದಳು. ಉಪ್ಪಿಗೆ ಅವಳ ಮುಂಗೈಯ ಚರ್ಮ ಬಿಳಿಚಿ ಸೀಳಿತ್ತು. ಅಲ್ಲಿ ಬೇರೆ ಯಾರೂ ಹತ್ತಿರವಿರಲಿಲ್ಲ. ವನಮಾಲಾ ಎಲ್ಲವನ್ನೂ ಹೇಳಿದಳು. ಯಾವ ಬಟ್ಟೆ, ಯಾವ ಊರಿನದೆಂದು ತೋರಿಸಿದ್ದು, ಜೆಸಿಂತಾಳ ಫೋನು, ಆ ಮಗು.

ಬೀರಮ್ಮ ಕೆರೆಯುವುದನ್ನು ನಿಲ್ಲಿಸಿ ಕೇಳಿದಳು. ಮಗಳ ಅಳು ತಗ್ಗುವವರೆಗೂ ಕಾದಳು.

"ಅಂದ್ರೆ ಸುಳ್ಳು ಹೇಳೂಕೆ ಬತ್ತದೆ ನಿಂಗೆ," ಎಂದಳು.

"ಅವ್ವಿ..."

"ಅವರ ಹೊಳೆಗೆ ಹೇಳ್ದೆ. ನಮ್ಮ ಹೊಳೆಗೆ ಹೇಳೂಕಾಗ್ಲಿಲ್ಲ."

ಆ ಮಾತಿನಲ್ಲಿ ಸಿಟ್ಟಿರಲಿಲ್ಲ. ಸಿಟ್ಟಿದ್ದರೆ ವನಮಾಲಾ ತಡೆದುಕೊಳ್ಳುತ್ತಿದ್ದಳೇನೋ. ಬೀರಮ್ಮ ಗಾಜನ್ನು ಮತ್ತೆ ಕೂರಿಸಿ, ಕೆರೆದ ಉಪ್ಪನ್ನು ಬುಟ್ಟಿಗೆ ತುಂಬಿ ಸೊಂಟಕ್ಕೆತ್ತಿಕೊಂಡಳು. ಬುಟ್ಟಿ ಹಿಡಿಯಲು ವನಮಾಲಾ ಕೈ ಚಾಚಿದಳು. ತಾಯಿ ಕೊಡಲಿಲ್ಲ. ದಡಕ್ಕೆ ಹೋಗುವ ಹಲಗೆಯ ಮೇಲೆ ನಾಲ್ಕು ಹೆಜ್ಜೆ ನಡೆದು, ತಿರುಗಿ ನೋಡದೆಯೇ ಹೇಳಿದಳು.

"ಕಡೆ ದೋಣಿ ಹೋಗೂ ಹೊತ್ತಾಯ್ತು. ಹೊರಡು."